ಬಿಸಿಎ ಮಾಡಿದೋರಿಗೂ ಆರು ತಿಂಗಳ ಕಂಪ್ಯೂಟರ್ ಸರ್ಟಿಫಿಕೇಟ್ ಬೇಕಾ?

ಪ್ರಶ್ನೆ: ಸಾರ್, ನಾನು ಬಿಸಿಎ ಮಾಡಿದೀನಿ, ವಿಜಯನಗರದಲ್ಲಿ ಪಿಜಿಲಿ ಇದ್ಕೊಂಡು ಕೋಚಿಂಗಿಗೆ ಹೋಗ್ತಿದ್ದೆ. ಒಂದು ಇಲಾಖೆಯ ಕ್ಲರ್ಕ್ ಪೋಸ್ಟಿಗೆ ಪಿಯುಸಿ ಜೊತೆ ಆರು ತಿಂಗಳ ಕಂಪ್ಯೂಟರ್ ಕೋರ್ಸಿನ ಸರ್ಟಿಫಿಕೇಟ್ ಕೇಳಿದ್ರು. ಮೂರು ವರ್ಷ ಕಂಪ್ಯೂಟರನ್ನೇ ಓದಿದೀನಲ್ಲ ಅಂತ ಬಿಸಿಎ ಮಾರ್ಕ್ಸ್‌ಕಾರ್ಡ್ ಹಾಕಿದೆ. ಲಿಸ್ಟಲ್ಲಿ ಹೆಸರು ಬಂತು, ಆಮೇಲೆ ದಾಖಲೆ ಪರಿಶೀಲನೆಲಿ ‘ನಿಗದಿತ ವಿದ್ಯಾರ್ಹತೆ ಇಲ್ಲ’ ಅಂತ ತೆಗೆದುಹಾಕಿದ್ರು. ನನಗಿಂತ ಕಮ್ಮಿ ಮಾರ್ಕ್ಸಿನ ನನ್ನ ರೂಮ್‌ಮೇಟು ಯಾವ್ದೋ ಸೆಂಟರಿನ ಸರ್ಟಿಫಿಕೇಟ್ ತೋರಿಸಿ ಸೆಲೆಕ್ಟ್ ಆದ. ಕೇಸ್ ಹಾಕಿದ್ರೆ ಗೆಲ್ತೀನಾ?
- ಹೆಸರು ಬೇಡ, ಬೆಂಗಳೂರು

ಉತ್ತರ: ಡಿಬಿಎಂಎಸ್ಸು, ಜಾವಾ ಎಲ್ಲ ಓದಿದೋರ ಹತ್ರ ವರ್ಡು ಎಕ್ಸೆಲ್ಲು ಕಲಿತಿದ್ದಕ್ಕೆ ಸರ್ಟಿಫಿಕೇಟ್ ಕೇಳಿದ್ರೆ ಸಿಟ್ಟು ಬರದೇ ಇರತ್ತಾ. ಆದ್ರೆ ಜಡ್ಜು ನಿಮಗೆ ಕಂಪ್ಯೂಟರ್ ಬರತ್ತೋ ಇಲ್ವೋ ಅಂತ ನೋಡಲ್ಲ, ರೂಲಲ್ಲಿ ಏನು ಬರೆದಿದೆ ಅಂತ ನೋಡ್ತಾರೆ, ನಿಮ್ಮ ಕೇಸು ನಿಂತಿರೋದೂ ಅಷ್ಟರ ಮೇಲೇನೇ.

ಎಲ್ರೂ ಹಿಡ್ಕೊಂಡು ಬರೋದು 2010ರ ಜ್ಯೋತಿ ಕೆ.ಕೆ. ತೀರ್ಪನ್ನ. ಕೇರಳದಲ್ಲಿ ಡಿಪ್ಲೊಮಾ ಕೇಳಿದ್ದ ಸಬ್ ಎಂಜಿನಿಯರ್ ಹುದ್ದೆಗೆ ಬಿ.ಟೆಕ್ ಆದೋರು ಅರ್ಜಿ ಹಾಕಿದ್ರು, ಸುಪ್ರೀಂ ಕೋರ್ಟು ಹೆಚ್ಚಿನ ಓದು ಇದ್ರೆ ಆಗತ್ತೆ ಅಂತು. ಆದ್ರೆ ಅದಕ್ಕೆ ಕಾರಣ ಕೇರಳದ ಸೇವಾ ನಿಯಮದಲ್ಲೇ ಅಂಥ ಒಂದು ಅವಕಾಶ ಇತ್ತು, ಇದನ್ನ ಯಾರೂ ಓದಲ್ಲ. 2018ರಲ್ಲಿ ಜಹೂರ್ ಅಹ್ಮದ್ ರಾಥರ್ ಕೇಸ್ ಬಂತು, ಜಮ್ಮು ಕಾಶ್ಮೀರದಲ್ಲಿ ಮೆಟ್ರಿಕ್ ಜೊತೆ ಐಟಿಐ ಕೇಳಿದ್ದ ಪೋಸ್ಟಿಗೆ ಎಲೆಕ್ಟ್ರಿಕಲ್ ಡಿಪ್ಲೊಮಾದವರು ಬಂದ್ರು, ಅಲ್ಲಿ ಆ ತರ ನಿಯಮ ಇರ್ಲಿಲ್ಲ, ಸೋತ್ರು. ದೊಡ್ಡ ಓದಲ್ಲಿ ಚಿಕ್ಕದು ಸೇರಿದೆ ಅಂತ ಕೋರ್ಟು ತಾನಾಗೇ ಅಂದ್ಕೊಳಲ್ಲ, ಯಾವ್ದು ಯಾವ್ದಕ್ಕೆ ಸಮ ಅಂತ ಹೇಳೋದು ನೇಮಕ ಮಾಡೋರ ಕೆಲಸ ಅಂತ ತೀರ್ಪಾಯ್ತು.

ಇದ್ರಲ್ಲಿ ಒಂದು ನ್ಯಾಯಾನೂ ಇದೆ ಅನ್ಸತ್ತೆ ನಂಗೆ. ನಿಮ್ಮ ತರಾನೇ ಬಿಸಿಎ ಆದೋರು ಎಷ್ಟೋ ಜನ ನೋಟಿಫಿಕೇಶನ್ ಓದಿ ನಮಗಲ್ಲ ಇದು ಅಂತ ಅರ್ಜಿನೇ ಹಾಕಿರಲ್ಲ, ಈಗ ನಿಮ್ಮೊಬ್ರಿಗೆ ಸಡಿಲ ಮಾಡಿದ್ರೆ ಅವರ ಗತಿ? 1990ರಲ್ಲೇ ಆಂಧ್ರದ ವಿಜಯನಗರಂ ಕಲೆಕ್ಟರ್ ಕೇಸಲ್ಲಿ ಸುಪ್ರೀಂ ಕೋರ್ಟು ಇದನ್ನ ಜನರಿಗೆ ಮಾಡೋ ಮೋಸ ಅಂದಿದೆ.

ಹಂಗಂತ ಕೈಚೆಲ್ಲಬೇಡಿ. ಆ ಹುದ್ದೆಯ ವೃಂದ ಮತ್ತು ನೇಮಕಾತಿ ನಿಯಮ (ಯಾವ ಹುದ್ದೆಗೆ ಏನು ಓದಿರ್ಬೇಕು ಅಂತ ಹೇಳೋದು) ತೆಗೆಸಿ, ಗೆಜೆಟಲ್ಲಿ ಬಂದಿರತ್ತೆ, ಸಿಗದಿದ್ರೆ ಆರ್‌ಟಿಐ ಹಾಕಿ. ಅದರಲ್ಲಿ ‘ಅಥವಾ ತತ್ಸಮಾನ’ ಅಂತ ಇದ್ದು ನೋಟಿಫಿಕೇಶನ್‌ನಲ್ಲಿ ಬಿಟ್ಟೋಗಿದ್ರೆ ನಿಮಗೆ ಒಳ್ಳೇ ಕೇಸು, ಜಾಹೀರಾತಿಗೂ ನಿಯಮಕ್ಕೂ ತಾಳೆ ಆಗ್ಲಿಲ್ಲ ಅಂದ್ರೆ ನಿಯಮಾನೇ ಮೇಲು. ಎರಡರಲ್ಲೂ ಇಲ್ಲ ಅಂದ್ರೆ ವಕೀಲರ ಫೀಸು ಉಳಿಸ್ಕೊಳಿ. ಕೌಂಟರಲ್ಲಿ ಬಾಯ್ಮಾತಲ್ಲಿ ‘ಆಗಲ್ಲ ಹೋಗ್ರಿ’ ಅಂದಿದ್ದು ಲೆಕ್ಕಕ್ಕಿಲ್ಲ, ಅರ್ಜಿ ಕೊಟ್ಟು ಸೀಲ್ ಹಾಕಿಸ್ಕೊಂಡು ಹಿಂಬರಹ, ಅಂದ್ರೆ ಇಲಾಖೆಯ ಲಿಖಿತ ಉತ್ತರ, ತಗೊಳಿ. ರಾಜ್ಯ ಸರ್ಕಾರದ ಇಲಾಖೆ ಆದ್ರಿಂದ ಮೊದ್ಲು ಕೆಎಟಿ (ಸರ್ಕಾರಿ ನೌಕರಿ ತಕರಾರು ನೋಡೋ ಕರ್ನಾಟಕದ ಆಡಳಿತ ನ್ಯಾಯಮಂಡಳಿ), ಅಲ್ಲಿ ಸೋತ್ರೆ ಹೈಕೋರ್ಟು. ಕಾನೂನಲ್ಲಿ ಒಂದು ವರ್ಷ ಟೈಮಿದೆ ನಿಜ, ಆದ್ರೆ ಅಷ್ಟರಲ್ಲಿ ಅವರು ಸೆಲೆಕ್ಟ್ ಆದೋರಿಗೆ ಆರ್ಡರ್ ಕೊಟ್ಟು ಡ್ಯೂಟಿಗೆ ಹಾಕ್ಕೊಂಡಿರ್ತಾರೆ, ಆಮೇಲೆ ಆ ಪೋಸ್ಟಲ್ಲಿ ಕೂತಿರೋರನ್ನೂ ಕೇಸಲ್ಲಿ ಪಾರ್ಟಿ ಮಾಡಬೇಕಾಗತ್ತೆ, ಬೇಗ ಹೋಗಿ ಒಂದು ಪೋಸ್ಟ್ ಖಾಲಿ ಇಡೋಕೆ ಮಧ್ಯಂತರ ಆದೇಶ ಕೇಳಿ.

ರೂಮ್‌ಮೇಟ್ ವಿಷ್ಯ. ಆ ಸೆಂಟರಿಗೆ ನೋಟಿಫಿಕೇಶನ್ ಕೇಳಿದ ಮಾನ್ಯತೆ ಇದ್ಯಾ ಅಂತ ಯಾರಾದ್ರೂ ನೋಡಿದಾರಾ? 2019ರಲ್ಲಿ ಉತ್ತರ ಪ್ರದೇಶದ ವಿದ್ಯುತ್ ನಿಗಮದ ಕೇಸಲ್ಲಿ, ನಮ್ಮ ಕಂಪ್ಯೂಟರ್ ಸರ್ಟಿಫಿಕೇಟ್ ಸಮಾನ ಅಂತ ಅಭ್ಯರ್ಥಿಗಳೇ ಬರ್ಕೊಟ್ಟಿದ್ದನ್ನ ಹಂಗೇ ಒಪ್ಪೋದು ತಪ್ಪು ಅಂತ ಸುಪ್ರೀಂ ಕೋರ್ಟು ಹೇಳಿದೆ. ಆದ್ರೆ ಅವನದ್ದು ಬಿದ್ದೋದ್ರೂ ನಿಮ್ಮದು ಏಳಲ್ಲ.

ಪ್ರಶ್ನೆ: ಅರ್ಜಿ ಹಾಕೋವಾಗ ಡಿಗ್ರಿ ಲಾಸ್ಟ್ ಸೆಮ್ ರಿಸಲ್ಟ್ ಬಂದಿರ್ಲಿಲ್ಲ, ಪರೀಕ್ಷೆ ಟೈಮಿಗೆ ಬಂತು, ನಡಿಯತ್ತಾ?
- ಓದುಗರು, ಯಲಹಂಕ

ಉತ್ತರ: ನಡಿಯಲ್ಲಮ್ಮ. ನೋಟಿಫಿಕೇಶನ್‌ನಲ್ಲಿ ಬೇರೆ ದಿನಾಂಕ ಕೊಟ್ಟಿಲ್ಲ ಅಂದ್ರೆ ಅರ್ಜಿಯ ಕೊನೇ ದಿನಕ್ಕೇ ಅರ್ಹತೆ ಇರ್ಬೇಕು, 1993ರ ರೇಖಾ ಚತುರ್ವೇದಿ ತೀರ್ಪಿಂದ ಇದೇ ಲೆಕ್ಕ.

ಪ್ರಶ್ನೆ: ಜವಾನನ ಕೆಲ್ಸಕ್ಕೆ ‘ಪದವೀಧರರು ಬೇಡ’ ಅಂತ ಹಾಕಿದಾರೆ, ಡಿಗ್ರಿ ಮುಚ್ಚಿಟ್ಟು ಪಿಯುಸಿ ಅಂತ ಬರೆದ್ರೆ?
- ಓದುಗರು, ಪೀಣ್ಯ

ಉತ್ತರ: ಬರೀಬೇಡಿ. ಒಂದು ಬ್ಯಾಂಕಿನ ಪ್ಯೂನ್ ಪೋಸ್ಟಲ್ಲಿ ಹೀಗೇ ಮಾಡಿದೋರಿಗೆ ಹೈಕೋರ್ಟಲ್ಲಿ ಗೆಲುವಾಗಿತ್ತು, 2020ರಲ್ಲಿ ಸುಪ್ರೀಂ ಕೋರ್ಟು ಅದನ್ನ ರದ್ದು ಮಾಡ್ತು. ಆ ಷರತ್ತೇ ಸರಿಯಿಲ್ಲ ಅನ್ಸಿದ್ರೆ ಅರ್ಜಿ ಹಾಕೋ ಮುಂಚೆನೇ ಪ್ರಶ್ನೆ ಮಾಡಿ.