ದೀಪದ ಸ್ವಿಚ್ಚುಗಳು ಹೇಳುವುದು 181, 346 ಅಲ್ಲ

ಚಿಂಚವಡದ ಸದಸ್ಯರಿಗೆ ನಮಸ್ಕಾರ. ನಾಟಕಕ್ಕೆಂದು ಪುಣೆಯ ತಪಕೀರ್ ಗಲ್ಲಿಯಿಂದ ತಂದ ಎಲ್‌ಇಡಿ ಪಾರ್ ದೀಪದ (ರಂಗದ ಬೆಳಕಿನ ದೀಪ) ಹಿಂಬದಿಯ ಡಿಪ್ ಸ್ವಿಚ್ಚುಗಳು, ಅಂದರೆ ದೀಪದ ಚಾನೆಲ್ ಸಂಖ್ಯೆಯನ್ನು ನಿಗದಿಪಡಿಸುವ ಪುಟ್ಟ ಸ್ವಿಚ್ಚುಗಳು, ಆನ್‌ಗೆ 1, ಆಫ್‌ಗೆ 0 ಎಂದು ಬರೆದರೆ ಎಡದಿಂದ ಬಲಕ್ಕೆ 101011010 ಎಂದಿವೆ, ಫೋನಿನ ಕ್ಯಾಲ್ಕ್ಯುಲೇಟರ್ ಅದನ್ನು 346 ಎನ್ನುತ್ತದೆ, ಆದರೆ ದೀಪ ಬೆಳಗುವುದು ಕನ್ಸೋಲಿನ (ದೀಪಗಳನ್ನು ನಿಯಂತ್ರಿಸುವ ಫಲಕದ) 181ನೇ ಚಾನೆಲ್ಲಿನಿಂದ ಎಂದು ಬರೆದಿದ್ದೀರಿ; ಫೋನಿಲ್ಲದೆ ಕೈಯಲ್ಲೇ ಲೆಕ್ಕ ಮಾಡುವ ಬಗೆಯನ್ನೂ ಕೇಳಿದ್ದೀರಿ.

ದೀಪವೂ ಸರಿಯಿದೆ, ಕ್ಯಾಲ್ಕ್ಯುಲೇಟರೂ ಸರಿಯಿದೆ. ಓದಿದ ದಿಕ್ಕು ಮಾತ್ರ ತಿರುವುಮುರುವಾಗಿದೆ. ಕಾಗದದ ಮೇಲೆ ದ್ವಿಮಾನ ಸಂಖ್ಯೆಯನ್ನು, ಅಂದರೆ 0 ಮತ್ತು 1 ಮಾತ್ರ ಇರುವ ಸಂಖ್ಯೆಯನ್ನು, ಬರೆಯುವಾಗ, ನಮ್ಮ ಸಾಮಾನ್ಯ ಸಂಖ್ಯೆಗಳಂತೆಯೇ, ಬಿಡಿಸ್ಥಾನ ಬಲತುದಿಯಲ್ಲಿರುತ್ತದೆ. ಆದರೆ ಇಂಥ ದೀಪಗಳಲ್ಲಿ ಬಿಡಿಸ್ಥಾನವಾಗುವುದು 1 ಎಂದು ಗುರುತಿರುವ ಸ್ವಿಚ್ಚು, ಮತ್ತು ಅದು ಎಡತುದಿಯಲ್ಲಿದೆ. ಅಲ್ಲಿಂದ ಬಲಕ್ಕೆ ಸ್ಥಾನಬೆಲೆಗಳು 1, 2, 4, 8, 16, 32, 64, 128, 256 ಎಂದು ಇಮ್ಮಡಿಸುತ್ತ ಹೋಗುತ್ತವೆ. ನಿಮ್ಮ ದೀಪದಲ್ಲಿ ಆನ್ ಆಗಿರುವವು 1, 3, 5, 6 ಮತ್ತು 8ನೇ ಸ್ವಿಚ್ಚುಗಳು. ಅವುಗಳ ಬೆಲೆ 1, 4, 16, 32 ಮತ್ತು 128, ಒಟ್ಟು 181. ಹತ್ತನೆಯ ಸ್ವಿಚ್ಚು ಇದ್ದರೆ ಅದು ಸಾಮಾನ್ಯವಾಗಿ ಬೇರೆ ಕೆಲಸಕ್ಕೆ ಮೀಸಲಾಗಿರುತ್ತದೆ, ಅದನ್ನು ಕೂಡಬೇಡಿ.

ಎಡತುದಿಯಿಂದ ಬೆಲೆ ಹಚ್ಚುವ ಈ ಕ್ರಮ ನಮಗೆ ಹೊಸದೇನಲ್ಲ. ಛಂದಸ್ಸಿನ ಪ್ರಸ್ತಾರದಲ್ಲಿ, ಅಂದರೆ ಲಘು-ಗುರುಗಳ ಎಲ್ಲ ಜೋಡಣೆಗಳ ಕ್ರಮವಾದ ಪಟ್ಟಿಯಲ್ಲಿ, ಒಂದು ಗಣ ಎಷ್ಟನೆಯದೆಂದು ತಿಳಿಯುವ ಉದ್ದಿಷ್ಟ ವಿಧಾನವೂ ಹೀಗೆಯೇ: ಮೊದಲ ಅಕ್ಷರದಿಂದ 1, 2, 4 ಎಂದು ಬರೆದು, ಲಘುವಿನ ಮೇಲಿರುವ ಅಂಕಿಗಳನ್ನು ಕೂಡಿ, ಒಂದನ್ನು ಸೇರಿಸುವುದು. ಲಘು-ಗುರು-ಲಘುವಿನ ಜಗಣಕ್ಕೆ 1 ಮತ್ತು 4 ಸೇರಿ 5, ಇನ್ನೊಂದು ಸೇರಿ 6. ಮ ಯ ರ ಸ ತ ಜ ಭ ನ ಎಂಬ ಸಾಲಿನಲ್ಲಿ ಜಗಣ ಆರನೆಯದೇ. ಅಲ್ಲಿ ಎಣಿಕೆ ಒಂದರಿಂದ ಶುರುವಾಗುವುದರಿಂದ ಆ ಹೆಚ್ಚಿನ ಒಂದು ಬೇಕಾಗುತ್ತದೆ. ಕೆಲವು ಹಳೆಯ ದೀಪಗಳೂ ಸ್ವಿಚ್ಚುಗಳ ಮೊತ್ತಕ್ಕೆ ಒಂದನ್ನು ಸೇರಿಸಿಕೊಳ್ಳುತ್ತವೆ. ನಿಮ್ಮದು 181ಕ್ಕೇ ಸ್ಪಂದಿಸುತ್ತಿರುವುದರಿಂದ ಆ ಗೋಜಿಲ್ಲ.

ಕಾಗದದ ಮೇಲೆ ಸರಿಯಾದ ದಿಕ್ಕಿನಲ್ಲಿ ಬರೆದುಕೊಂಡ ಸಂಖ್ಯೆಗೆ, ಅಂದರೆ ಸ್ವಿಚ್ಚುಗಳನ್ನು ಬಲದಿಂದ ಎಡಕ್ಕೆ ಓದಿ ಮೊದಲ ಸೊನ್ನೆಯನ್ನು ಬಿಟ್ಟಾಗ ಸಿಗುವ 10110101ಕ್ಕೆ, ಸ್ಥಾನಬೆಲೆಗಳ ನೆನಪೂ ಬೇಡದ ಇನ್ನೊಂದು ದಾರಿಯಿದೆ, ಬಾಯಿಲೆಕ್ಕಕ್ಕೆ ನನಗೆ ಇದೇ ಹೆಚ್ಚು ಇಷ್ಟ. ಎಡಗಡೆಯ ಮೊದಲ ಒಂದರಿಂದ ಹೊರಟು, ಪ್ರತಿ ಹೆಜ್ಜೆಗೂ ಕೈಯಲ್ಲಿರುವುದನ್ನು ಇಮ್ಮಡಿಸಿ ಮುಂದಿನ ಅಂಕಿಯನ್ನು ಕೂಡಿಸುತ್ತ ಹೋಗಿ: 1, 2, 5, 11, 22, 45, 90, 181. ನಡುವೆ ಬರುವ ಸೊನ್ನೆಗೂ ಇಮ್ಮಡಿಸಲೇಬೇಕು. ಸೊನ್ನೆಯೆಂದು ಅದನ್ನು ದಾಟಿಬಿಟ್ಟರೆ ಉತ್ತರ ಕೆಡುತ್ತದೆ.

ತಾಳೆ ನೋಡಲು, ಬಲದಿಂದ ಮೂರು ಮೂರು ಅಂಕಿಗಳ ಗುಂಪು ಮಾಡಿ. 10, 110, 101 ಎಂಬವು 2, 6, 5 ಆಗುತ್ತವೆ. 64ರ ಎರಡು, 8ರ ಆರು ಮತ್ತು ಬಿಡಿ ಐದು ಸೇರಿದರೆ ಮತ್ತೆ 181. ಕೊನೆಯ ಅಂಕಿ 1 ಇದ್ದು ಉತ್ತರ ಸಮಸಂಖ್ಯೆಯಾಗಿ ಬಂದರೆ ಮುಂದೆ ಹೋಗದೆ ಅಲ್ಲೇ ನಿಲ್ಲಿ. ಹೆಚ್ಚಿನವೆಲ್ಲ ಒಂದುಗಳೇ ಆಗಿದ್ದಾಗ ಕೂಡುವುದಕ್ಕಿಂತ ಕಳೆಯುವುದು ಸುಲಭ: ಎಂಟೂ ಒಂದುಗಳಾದರೆ 255, ಹಾಗಾಗಿ 11101111 ಎಂದರೆ 255ರಲ್ಲಿ 16 ಕಡಿಮೆ, 239.

ನಿಮ್ಮ ಮುಂದಿನ ಕೆಲಸಕ್ಕೆ ಬೇಕಾಗುವುದು ಇದರ ವಿಲೋಮ, ಅಂದರೆ ಸಂಖ್ಯೆಯಿಂದ ಸ್ವಿಚ್ಚುಗಳನ್ನು ಕಂಡುಕೊಳ್ಳುವುದು. ಈ ದೀಪ ಆರು ಚಾನೆಲ್ಲುಗಳನ್ನು ಬಳಸುವುದಾದರೆ 181ರಿಂದ 186ರವರೆಗೆ ಅದರ ಪಾಲು, ಪಕ್ಕದ ದೀಪ 187ರಿಂದ ಆರಂಭವಾಗಬೇಕು. 187ರಲ್ಲಿ ಹಿಡಿಸುವ ಅತಿ ದೊಡ್ಡ ಬೆಲೆ 128, ಅದನ್ನು ಕಳೆದರೆ 59. ಅದರಿಂದ 32 ಕಳೆದರೆ 27, ಮುಂದೆ 16 ಕಳೆದರೆ 11, 8 ಕಳೆದರೆ 3, ಉಳಿದದ್ದು 2 ಮತ್ತು 1. ಹಾಗಾಗಿ 1, 2, 4, 5, 6 ಮತ್ತು 8ನೇ ಸ್ವಿಚ್ಚುಗಳನ್ನು ಆನ್ ಮಾಡಿ, ಉಳಿದ ಮೂರನ್ನು ಆಫ್ ಇಡಿ.