ಬಾಡಿಗೆದಾರರು ತೀರಿಕೊಂಡ ಮೇಲೆ ಹಳೆಯ ಬಾಡಿಗೆ ಮನೆಯ ಹಕ್ಕು ಹೆಂಡತಿ ಮಕ್ಕಳಿಗೆ ಬರುತ್ತದೆಯೇ?

ನಿಮ್ಮ ತಂದೆಯವರು ಬೆಂಗಳೂರಿನಲ್ಲಿ ಸುಮಾರು ನಲವತ್ತು ವರ್ಷ ಬಾಡಿಗೆಗಿದ್ದ ಮನೆಯಲ್ಲಿ ಈಗ ತಾಯಿ, ತಮ್ಮ ಮತ್ತು ಚಿಕ್ಕಪ್ಪ ಇದ್ದಾರೆ, ನೀವು ಹುಬ್ಬಳ್ಳಿಯಲ್ಲಿ ಉದ್ಯೋಗದಲ್ಲಿದ್ದೀರಿ, ತಂದೆಯವರು ಕಳೆದ ವರ್ಷ ತೀರಿಕೊಂಡರು, ಮಾಲೀಕರು ತಿಂಗಳೊಳಗೆ ಮನೆ ಖಾಲಿ ಮಾಡಿ ಎನ್ನುತ್ತಿದ್ದಾರೆ ಎಂದು ಬರೆದಿದ್ದೀರಿ. ಬಾಡಿಗೆ ವ್ಯಾಜ್ಯಗಳನ್ನು ನಡೆಸಿದ ವಕೀಲನಾಗಿ ಉತ್ತರಿಸುತ್ತಿದ್ದೇನೆ. ಹಕ್ಕು ಬರುತ್ತದೆ, ಆದರೆ ಎಲ್ಲರಿಗೂ ಬರುವುದಿಲ್ಲ, ಎಂದೆಂದಿಗೂ ಉಳಿಯುವುದಿಲ್ಲ.

ಈ ಮನೆಗೆ ಕರ್ನಾಟಕ ಬಾಡಿಗೆ ಅಧಿನಿಯಮ, 1999 ಅನ್ವಯಿಸುತ್ತದೆಯೇ ಎಂಬುದು ಮೊದಲು ಇತ್ಯರ್ಥವಾಗಬೇಕು. ಬೆಂಗಳೂರಿನಲ್ಲಿ ವಾಸದ ಮನೆಯ ಬಾಡಿಗೆ ತಿಂಗಳಿಗೆ 3,500 ರೂಪಾಯಿ ಮೀರಿದರೆ ಅದು ಈ ಕಾಯಿದೆಯ ಹೊರಗೆ. ಈ ಮಿತಿಯನ್ನು ಕಾಯಿದೆ ಹೇಳುವ ಲೆಕ್ಕದ ಪ್ರಕಾರ ನೋಡಬೇಕೇ ಹೊರತು ರಸೀದಿಯ ಅಂಕಿಯೊಂದನ್ನೇ ನಂಬಿ ಕೂರುವಂತಿಲ್ಲ. ನೀವು ತಿಳಿಸಿರುವ 1,800 ರೂಪಾಯಿಯನ್ನು ನೋಡಿದರೆ ಮನೆ ಕಾಯಿದೆಯ ಒಳಗೇ ಬರುವಂತೆ ತೋರುತ್ತದೆ.

ಹಾಗಿದ್ದರೆ ಆ ಕಾಯಿದೆಯ ಐದನೆಯ ಪ್ರಕರಣ (ಸೆಕ್ಷನ್ 5) ನಿಮಗೆ ಮುಖ್ಯ. ಬಾಡಿಗೆದಾರರು ಮೃತರಾದ ದಿನದಿಂದ ಐದು ವರ್ಷಗಳ ಮಟ್ಟಿಗೆ ಹಕ್ಕು ಮೊದಲು ಪತಿ ಅಥವಾ ಪತ್ನಿಗೆ, ಅನಂತರ ಮಗ ಮತ್ತು ಮಗಳಿಗೆ, ಆಮೇಲೆ ತಂದೆತಾಯಿಗೆ, ಕೊನೆಯಲ್ಲಿ ಮೊದಲೇ ತೀರಿಕೊಂಡ ಮಗನ ವಿಧವೆಗೆ, ಇದೇ ಕ್ರಮದಲ್ಲಿ ಸಲ್ಲುತ್ತದೆ. ಹಕ್ಕು ಕೇಳುವವರು ಮೃತರ ಕೊನೆಯ ದಿನದವರೆಗೂ ಕುಟುಂಬದ ಸದಸ್ಯರಾಗಿ ಅದೇ ಮನೆಯಲ್ಲಿ ವಾಸವಾಗಿದ್ದು ಅವರನ್ನೇ ಅವಲಂಬಿಸಿರಬೇಕು. ಅವರಿಗೆ, ಅವರ ಸಂಗಾತಿಗೆ ಅಥವಾ ಅವಲಂಬಿತ ಮಕ್ಕಳಿಗೆ ಅದೇ ಊರಿನಲ್ಲಿ ಬೇರೆ ಮನೆ ಇರಬಾರದು. ಜೊತೆಗೆ ವಾಸವಿದ್ದೂ ಅವಲಂಬಿತರಲ್ಲದವರಿಗೆ, ಅಥವಾ ಬೇರೆ ಮನೆ ಇರುವವರಿಗೆ, ಒಂದೇ ವರ್ಷದ ಅವಕಾಶ.

ಇದರಂತೆ ನಿಮ್ಮ ತಾಯಿಯವರ ಹಕ್ಕು ಗಟ್ಟಿಯಾಗಿದೆ. ಸ್ವಂತ ಸಂಬಳವಿರುವ ತಮ್ಮ ತಾನೇ ಹಕ್ಕುದಾರನೆಂದು ಹೇಳಿಕೊಳ್ಳುವುದಕ್ಕಿಂತ ತಾಯಿಯ ಜೊತೆಗಿರುವ ಮಗನಾಗಿ ಉಳಿಯುವುದು ಕ್ಷೇಮ. ಹುಬ್ಬಳ್ಳಿಯಲ್ಲಿರುವ ನಿಮಗೆ ಹಕ್ಕಿಲ್ಲ; ಮದುವೆಯಾಗಿ ಬೇರೆಡೆ ಸಂಸಾರ ಹೂಡಿರುವ ಮಗಳಿಗೂ ಇದೇ ಉತ್ತರ. ಚಿಕ್ಕಪ್ಪನವರು ಎಷ್ಟೇ ವರ್ಷ ಜೊತೆಗಿದ್ದರೂ, ಸಹೋದರರ ಹೆಸರೇ ಆ ಪಟ್ಟಿಯಲ್ಲಿಲ್ಲ. ಆಸ್ತಿ ಪಾಲಿನ ನಿಯಮಗಳನ್ನು ಇಲ್ಲಿಗೆ ತಂದು ಬೆರೆಸಿದವರು ಕೋರ್ಟಿನಲ್ಲಿ ಸೋಲುತ್ತಾರೆ.

"ಬಾಡಿಗೆ ಮನೆ ಮಕ್ಕಳು ಮೊಮ್ಮಕ್ಕಳ ಕಾಲದವರೆಗೂ ನಡೆಯುತ್ತದೆ" ಎಂದು ನಿಮ್ಮ ನೆಂಟರು ಹೇಳಿದ್ದು ಪೂರ್ತಿ ಕಟ್ಟುಕಥೆಯಲ್ಲ. 1961ರ ಹಳೆಯ ಬಾಡಿಗೆ ನಿಯಂತ್ರಣ ಕಾಯಿದೆಯಲ್ಲಿ, ಜೊತೆಗೆ ವಾಸವಿದ್ದ ಪತ್ನಿ, ಮಕ್ಕಳು, ತಂದೆತಾಯಿಯರೂ "ಬಾಡಿಗೆದಾರ" ಎಂಬ ವ್ಯಾಖ್ಯೆಯೊಳಗೇ ಬರುತ್ತಿದ್ದರು, ಐದು ವರ್ಷದ ಗಡುವೂ ಇರಲಿಲ್ಲ. ಮುಂಬೈಯಲ್ಲಿ ಪಗಡಿ ಮನೆಗಳಲ್ಲಿರುವ (ಮೊದಲೇ ದೊಡ್ಡ ಮೊತ್ತ ಕೊಟ್ಟು ಕಡಿಮೆ ಬಾಡಿಗೆಗೆ ಹಿಡಿದ ಮನೆಗಳು) ನಮ್ಮ ಕರಾವಳಿಯವರ ಅನುಭವವೂ ಬೇರೆ, ಏಕೆಂದರೆ ಮಹಾರಾಷ್ಟ್ರದ ಕಾಯಿದೆಯೇ ಬೇರೆ. ಕರ್ನಾಟಕದಲ್ಲಿ ಹೊಸ ಕಾಯಿದೆ 2001ರ ಡಿಸೆಂಬರ್ 31ರಂದು ಜಾರಿಗೆ ಬಂದ ಮೇಲೆ ಆ ಮಾತು ನಡೆಯುವುದಿಲ್ಲ. ಅಂಗಡಿಯಾಗಿದ್ದರೆ ಹದಿನಾಲ್ಕು ಚದರ ಮೀಟರಿಗಿಂತ ದೊಡ್ಡದಕ್ಕೆ ಈ ರಕ್ಷಣೆಯೇ ಇಲ್ಲ.

ರಸೀದಿಯ ವಿಚಾರದಲ್ಲಿ ಎಚ್ಚರವಿರಲಿ. ತೀರಿಕೊಂಡವರ ಹೆಸರಿನಲ್ಲೇ ವರ್ಷಗಟ್ಟಲೆ ರಸೀದಿ ಹರಿದುಕೊಡುವ ಮಾಲೀಕರನ್ನು ಕಂಡಿದ್ದೇನೆ. ಅದರಿಂದ ಐದು ವರ್ಷದ ಎಣಿಕೆ ನಿಲ್ಲುವುದಿಲ್ಲ, ಅದು ಮರಣದ ದಿನದಿಂದಲೇ ನಡೆಯುತ್ತದೆ. ಇದಕ್ಕಿಂತ ಅಪಾಯದ್ದೆಂದರೆ "ಸುಮ್ಮನೆ ಹೆಸರು ಬದಲಾಯಿಸೋಣ" ಎಂದು ಮುಂದಿಡುವ ಹನ್ನೊಂದು ತಿಂಗಳ ಕರಾರುಪತ್ರ. ಅದರಲ್ಲಿ ಬಾಡಿಗೆಯನ್ನು ಐದಾರು ಸಾವಿರಕ್ಕೆ ಏರಿಸಿ ತಮ್ಮನ ಸಹಿ ಹಾಕಿಸಿಕೊಂಡರೆ, ತಾಯಿಯವರ ಹಕ್ಕು ಬದಿಗೆ ಸರಿದು ಹೊಸ ಬಾಡಿಗೆ ಸಂಬಂಧವೊಂದು ಹುಟ್ಟಿಕೊಂಡಿತು, ಅದು ಕಾಯಿದೆಯ ಹೊರಗಿನದು ಎಂದು ವಾದಿಸಲು ಮಾಲೀಕರಿಗೆ ದಾರಿಯಾಗುತ್ತದೆ. ಓದದೆ, ವಕೀಲರಿಗೆ ತೋರಿಸದೆ ಯಾವುದಕ್ಕೂ ಸಹಿ ಮಾಡಬೇಡಿ.

ಐದು ವರ್ಷದ ಒಳಗೂ ಮಾಲೀಕರ ಕೈ ಕಟ್ಟಿಹಾಕಿದಂತಲ್ಲ. ಬಾಡಿಗೆ ಬಾಕಿ, ಒಳಬಾಡಿಗೆ, ಅವರ ಸ್ವಂತದ ನಿಜವಾದ ಅಗತ್ಯ ಮುಂತಾದ ಕಾರಣಗಳ ಮೇಲೆ 27ನೆಯ ಪ್ರಕರಣದಡಿ ಅವರು ಬೆಂಗಳೂರಿನ ಲಘು ವ್ಯವಹಾರಗಳ ನ್ಯಾಯಾಲಯಕ್ಕೆ ಅರ್ಜಿ ಹಾಕಬಹುದು. ಆದರೆ ನ್ಯಾಯಾಲಯದ ಆದೇಶವಿಲ್ಲದೆ ಬೀಗ ಜಡಿಯುವಂತಿಲ್ಲ, ನೀರು ನಿಲ್ಲಿಸುವಂತಿಲ್ಲ. ಬಲವಂತವಾಗಿ ಹೊರಹಾಕಿದರೆ ಆರು ತಿಂಗಳೊಳಗೆ ನಿರ್ದಿಷ್ಟ ಪರಿಹಾರ ಅಧಿನಿಯಮದ ಆರನೆಯ ಪ್ರಕರಣದಡಿ ದಾವೆ ಹೂಡಿ ಸ್ವಾಧೀನ ಮರಳಿ ಕೇಳಬಹುದು.

ಈ ವಾರವೇ ತಾಯಿಯವರ ಹೆಸರಿನಿಂದ ಮಾಲೀಕರಿಗೆ ಒಂದು ಪತ್ರವನ್ನು ಸ್ಪೀಡ್ ಪೋಸ್ಟಿನಲ್ಲಿ ಕಳುಹಿಸಿ, ತಂದೆಯವರ ಮರಣದ ದಿನಾಂಕವನ್ನೂ ತಾಯಿಯವರು ಉತ್ತರಾಧಿಕಾರಿಯಾಗಿ ವಾಸ ಮುಂದುವರಿಸಿರುವುದನ್ನೂ ಅದರಲ್ಲಿ ತಿಳಿಸಿ. ಬಾಡಿಗೆಯನ್ನು ನಗದಾಗಿ ಕೊಡದೆ ತಾಯಿಯವರ ಬ್ಯಾಂಕ್ ಖಾತೆಯಿಂದ ಸಂದಾಯ ಮಾಡಿ. ಪಡಿತರ ಚೀಟಿ, ಮತದಾರರ ಚೀಟಿ, ಗ್ಯಾಸ್ ಪುಸ್ತಕ, ಹಳೆಯ ರಸೀದಿಗಳನ್ನು ಮರಣ ಪ್ರಮಾಣಪತ್ರದ ಜೊತೆ ಒಂದೆಡೆ ಇಡಿ. ಮುಂಗಡ ಕೊಟ್ಟದ್ದಕ್ಕೆ ಚೀಟಿ ಇದ್ದರೆ ಅದನ್ನೂ ಹುಡುಕಿ, ಏಕೆಂದರೆ ಮನೆ ಬಿಡುವ ದಿನ ಬಂದಾಗ ನಲವತ್ತು ವರ್ಷದ ಹಿಂದಿನ ಆ ಮೊತ್ತಕ್ಕೆ ಬೇರೆ ಸಾಕ್ಷಿ ಸಿಗುವುದು ಕಷ್ಟ.