ರಸ್ತೆ ಅಪಘಾತದಲ್ಲಿ ಪೆಟ್ಟಾದ ಕಾಲಿಗೆ ಡಾಕ್ಟರ್ ಶೇ. 40 ಅಂಗವೈಕಲ್ಯ ಅಂತ ಬರೆದರೆ ಪರಿಹಾರವೂ ಅದೇ ಲೆಕ್ಕದಲ್ಲಿ ಬರುತ್ತದಾ?

ಇಲ್ಲ. ಡಾಕ್ಟರ್ ಅಳೆಯುವುದು ಕಾಲು ಎಷ್ಟು ಕೆಟ್ಟಿದೆ ಅಂತ. ಕೋರ್ಟ್ ನೋಡಬೇಕಾದ್ದು ಅದರಿಂದ ದುಡಿಮೆ ಎಷ್ಟು ಹೋಯಿತು ಅಂತ. 2010ರ ರಾಜ್‌ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ.

ಕೋಲಾರದ ಟೊಮೆಟೊ ಮಂಡಿಯಲ್ಲಿ ಕ್ರೇಟ್ ಹೊರುವ 32 ವರ್ಷದ ಹಮಾಲಿಯೊಬ್ಬರನ್ನು ಅಂದುಕೊಳ್ಳಿ. ಮೊಣಕಾಲು ಮಡಚಲು ಆಗದಿದ್ದರೆ ಅವರು ಹೊರೆ ಎತ್ತುವುದು ಹೇಗೆ? ಅದೇ ಪೆಟ್ಟು ಬಿದ್ದ ಗುಮಾಸ್ತರ ಸಂಬಳ ಹಾಗೇ ಉಳಿಯಬಹುದು, ಅಲ್ವಾ?

ಲೆಕ್ಕ ಹೀಗೆ. ತಿಂಗಳಿಗೆ 15,000 ದುಡಿಯುತ್ತಿದ್ದರೆ ವರ್ಷಕ್ಕೆ 1,80,000 ರೂಪಾಯಿ. ಮುಂದೆ ಕೂಲಿ ಜಾಸ್ತಿ ಆಗುತ್ತಿತ್ತು ಅಂತ ಶೇ. 40 ಸೇರಿಸಿದರೆ 2,52,000. ಈ ವಯಸ್ಸಿಗೆ ಅದನ್ನು 16ರಿಂದ ಗುಣಿಸುತ್ತಾರೆ. ದುಡಿಮೆಯ ನಷ್ಟ ಶೇ. 50 ಅಂತ ಕೋರ್ಟ್ ಒಪ್ಪಿದರೆ 20,16,000 ರೂಪಾಯಿ. ಆಸ್ಪತ್ರೆ ಖರ್ಚು, ನೋವು-ಸಂಕಟದ ಪರಿಹಾರ ಬೇರೆ.

ಆ ಶೇ. 50 ತಾನಾಗಿ ಬರುವುದಿಲ್ಲ, ಸಾಬೀತು ಮಾಡಬೇಕು. ಸುಮ್ನೆ ಸರ್ಟಿಫಿಕೇಟ್ ಕೊಟ್ಟು ಕೂರಬೇಡಿ. ಡಾಕ್ಟರನ್ನು ಸಾಕ್ಷಿಗೆ ಕರೆಸಿ, ಈ ಕಾಲಿನಲ್ಲಿ ಯಾವ ಯಾವ ಕೆಲಸ ಆಗುವುದಿಲ್ಲ ಅಂತ ಅವರ ಬಾಯಲ್ಲೇ ಹೇಳಿಸಿ. ಕೂಲಿ ಕೊಡುತ್ತಿದ್ದ ಮಂಡಿಯವರ ಸಾಕ್ಷಿಯೂ ಇರಲಿ.